ಹದಿಮೂರಕ್ಕೆ ತಡ ಆಯ್ತಾ? ಗ್ರ್ಯಾಂಡ್‌ಮಾಸ್ಟರ್ ಆದವರು ಆಮೇಲೆ ಏನಾಗುತ್ತಾರೆ?

ಪ್ರಶ್ನೆ: ನನ್ನ ಮಗಳಿಗೆ 13 ವರ್ಷ, ಎಂಟನೇ ಕ್ಲಾಸು. ಚೆಸ್ ಅಂದರೆ ಪ್ರಾಣ. ಫಿಡೆ (ಅಂತಾರಾಷ್ಟ್ರೀಯ ಚೆಸ್ ಒಕ್ಕೂಟ) ರೇಟಿಂಗ್ 1650 ಇದೆ. ಪೇಪರ್ ತೆಗೆದರೆ 12ಕ್ಕೇ ಗ್ರ್ಯಾಂಡ್‌ಮಾಸ್ಟರ್ ಆದ ಮಕ್ಕಳ ಸುದ್ದಿ. ಅದನ್ನ ಓದಿ ಅವಳು ‘ಅಪ್ಪಾ, ನಂದು ತಡ ಆಯ್ತಲ್ವಾ’ ಅಂದಳು. ನಿಜವಾಗಲೂ ತಡ ಆಯ್ತಾ ಸರ್? ಗ್ರ್ಯಾಂಡ್‌ಮಾಸ್ಟರ್ ಆದವರು ಎಷ್ಟು ವರ್ಷ ಆಡಬಹುದು? ಆಮೇಲೆ ಜೀವನಕ್ಕೆ ಏನು ಮಾಡುತ್ತಾರೆ? ಸ್ಕೂಲು ಬಿಡಿಸಿ ಪೂರ್ತಿ ಚೆಸ್‌ಗೆ ಹಾಕಿ ಅಂತಲೂ ಕೆಲವರು ಹೇಳುತ್ತಿದ್ದಾರೆ.
ಒಬ್ಬ ತಂದೆ, ದಾವಣಗೆರೆ

ಉತ್ತರ: ಮಗಳಿಗೆ ಮೊದಲು ಇದನ್ನು ಹೇಳಿಬಿಡಿ: ತಡ ಆಗಿಲ್ಲ. ಸಮಾಧಾನಕ್ಕೆ ಅಂತ ಸುಮ್ನೆ ಹೇಳುತ್ತಿಲ್ಲ. ಯಾಕೆ ಅನ್ನುವುದನ್ನು ದೊಡ್ಡ ಆಟಗಾರರ ಬದುಕನ್ನೇ ಇಟ್ಟುಕೊಂಡು ವಿವರಿಸುತ್ತೇನೆ.

ನೀವು ಓದಿದ 12ರ ಸುದ್ದಿ ಸುಳ್ಳಲ್ಲ. 2002ರಲ್ಲಿ ಸೆರ್ಗೆಯ್ ಕರ್ಯಾಕಿನ್ 12 ವರ್ಷ 7 ತಿಂಗಳಿಗೆ ಚೆಸ್‌ನ ಅತಿ ದೊಡ್ಡ ಬಿರುದಾದ ಗ್ರ್ಯಾಂಡ್‌ಮಾಸ್ಟರ್ ಪಡೆದು, ಅತಿ ಕಿರಿಯ ಗ್ರ್ಯಾಂಡ್‌ಮಾಸ್ಟರ್ ಅನ್ನುವ ದಾಖಲೆ ಮಾಡಿದರು. 2019ರ ಜನವರಿಯಲ್ಲಿ ನಮ್ಮ ಡಿ. ಗುಕೇಶ್ ಆ ದಾಖಲೆಯ ಹತ್ತಿರ ಬಂದು 17 ದಿನದಲ್ಲಿ ತಪ್ಪಿಸಿಕೊಂಡರು. 2021ರ ಜೂನ್ ಕೊನೆಯಲ್ಲಿ ಅಮೆರಿಕದ ಅಭಿಮನ್ಯು ಮಿಶ್ರಾ ಬುಡಾಪೆಸ್ಟ್‌ನಲ್ಲಿ ಆ ದಾಖಲೆ ಮುರಿದರು. ಆಗ ಅವರಿಗೆ 12 ವರ್ಷ 4 ತಿಂಗಳು. ಈ ಮೂವರಲ್ಲಿ ಮೊದಲು ವಿಶ್ವ ಚಾಂಪಿಯನ್ ಆದವರು ಯಾರು ನೋಡಿ. ದಾಖಲೆ ತಪ್ಪಿಸಿಕೊಂಡ ಗುಕೇಶ್! 2024ರ ಡಿಸೆಂಬರ್‌ನಲ್ಲಿ ಸಿಂಗಪುರದಲ್ಲಿ ಅವರು ಸೋಲಿಸಿದ ಡಿಂಗ್ ಲಿರೆನ್ ಗ್ರ್ಯಾಂಡ್‌ಮಾಸ್ಟರ್ ಆಗಿದ್ದು 16ಕ್ಕೆ, ವಿಶ್ವ ಚಾಂಪಿಯನ್ ಆಗಿದ್ದು 30ಕ್ಕೆ. ನಡುವೆ ಕಾನೂನು ಪದವಿಯನ್ನೂ ಮುಗಿಸಿದ್ದರು.

ಬಿರುದು ಸಿಕ್ಕ ವಯಸ್ಸು ಪೇಪರ್‌ನ ಹೆಡ್‌ಲೈನಿಗೆ ಚೆನ್ನಾಗಿರುತ್ತದೆ. ಆಟಗಾರರ ವೃತ್ತಿಜೀವನ ಹೇಗಿತ್ತು ಅಂತ ಅದರಿಂದ ಗೊತ್ತಾಗುವುದಿಲ್ಲ. ನಾನು ನೋಡುವುದು ಬೇರೆ: ಬಿರುದು ಬಂದ ಮೇಲೆ ಅವರು ಇನ್ನೂ ಎಷ್ಟು ವರ್ಷ ಬೆಳೆಯುತ್ತಾ ಹೋದರು?

ಬಿರುದು ಸಿಗುವ ಬಗೆಯನ್ನೂ ತಿಳಿದುಕೊಂಡಿರಿ. ಒಮ್ಮೆಯಾದರೂ ರೇಟಿಂಗ್ 2500 ಮುಟ್ಟಬೇಕು. ಜೊತೆಗೆ ಮೂರು ನಾರ್ಮ್ ಬೇಕು. ನಾರ್ಮ್ ಅಂದರೆ ಒಂದು ಟೂರ್ನಮೆಂಟಿನಲ್ಲಿ, ಸಾಮಾನ್ಯವಾಗಿ 9 ರೌಂಡು, 2600 ರೇಟಿಂಗ್‌ನವರ ಮಟ್ಟಕ್ಕೆ ಆಡಿ ತೋರಿಸುವುದು. ಎದುರಾಳಿಗಳಲ್ಲಿ ಕನಿಷ್ಠ ಮೂವರು ಗ್ರ್ಯಾಂಡ್‌ಮಾಸ್ಟರ್‌ಗಳಿರಬೇಕು. ಒಮ್ಮೆ ಬಂದ ಬಿರುದು ಸಾಯುವ ತನಕ ಇರುತ್ತದೆ, ಮೋಸ ಮಾಡಿ ಸಿಕ್ಕಿಬಿದ್ದರೆ ಮಾತ್ರ ಕಿತ್ತುಕೊಳ್ಳಬಹುದು. ಅರ್ಜಿಯಲ್ಲಿ ವಯಸ್ಸಿನ ಮಿತಿಯೂ ಇಲ್ಲ.

ಮೈಸೂರಿನ ಎಂ.ಎಸ್. ತೇಜ್‌ಕುಮಾರ್ ಅವರನ್ನೇ ನೋಡಿ. 2017ರಲ್ಲಿ ಅವರು ಕರ್ನಾಟಕದ ಮೊದಲ ಗ್ರ್ಯಾಂಡ್‌ಮಾಸ್ಟರ್ ಆದರು. ಆಗ ವಯಸ್ಸು ಮೂವತ್ತೈದು ದಾಟಿತ್ತು. ರೈಲ್ವೆಯಲ್ಲಿ ನೌಕರಿ ಮಾಡಿಕೊಂಡೇ ಟೂರ್ನಮೆಂಟ್ ಆಡಿದವರು. ಆ ವಯಸ್ಸಿನಲ್ಲಿ, ಹತ್ತು ಹನ್ನೆರಡು ವರ್ಷದ ಚುರುಕು ಹುಡುಗರ ಎದುರು ಕೂತು ಪಾಯಿಂಟ್ ಉಳಿಸಿಕೊಳ್ಳುವುದು ಎಷ್ಟು ಕಷ್ಟ ಅಂತ ಓಪನ್ ಟೂರ್ನಮೆಂಟ್ ಆಡಿದವರಿಗೆ ಗೊತ್ತು. ಇನ್ನೊಂದು ತುದಿಯಲ್ಲಿ ಬೆಂಗಳೂರಿನ ಪ್ರಣವ್ ಆನಂದ್. 2022ರಲ್ಲಿ ರೊಮೇನಿಯಾದ ಮಮಾಯಾದಲ್ಲಿ 16ರ ಒಳಗಿನವರ ವಿಶ್ವ ಚಾಂಪಿಯನ್‌ಷಿಪ್ ಆಡುತ್ತಲೇ 15ಕ್ಕೆ ಬಿರುದು ಪಡೆದರು, ಆ ಚಾಂಪಿಯನ್‌ಷಿಪ್ಪನ್ನೂ ಗೆದ್ದರು. ಇಬ್ಬರದ್ದೂ ಒಂದೇ ಬಿರುದು.

ಎಷ್ಟು ವರ್ಷ ಆಡಬಹುದು ಅಂತ ಕೇಳಿದ್ದೀರಿ. ಇದಕ್ಕೆ ನನ್ನ ಹತ್ತಿರ ಮೊದಲು ಬರುವ ಹೆಸರು ವಿಕ್ಟರ್ ಕೊರ್ಚ್‌ನೊಯ್. ಈಗಿನ ಮಕ್ಕಳಿಗೆ ಅವರ ಬಗ್ಗೆ ಗೊತ್ತಿಲ್ಲ ಅಂತ ನನಗೆ ಬೇಜಾರು. ನಿಮ್ಮ ಮಗಳಿಗೆ ಅವರ ಕಥೆ ಪೂರ್ತಿ ಹೇಳಿ.

ಹುಟ್ಟಿದ್ದು 1931ರಲ್ಲಿ, ಲೆನಿನ್‌ಗ್ರಾಡ್‌ನಲ್ಲಿ. ಜರ್ಮನ್ ಸೇನೆ ಆ ಊರಿಗೆ ಮುತ್ತಿಗೆ ಹಾಕಿದಾಗ ಹತ್ತು ವರ್ಷದ ಹುಡುಗ. ತಂದೆ ಆ ಯುದ್ಧದಲ್ಲೇ ತೀರಿಕೊಂಡರು. ಹಸಿವು, ಚಳಿ, ಸಾವು ಎಲ್ಲ ನೋಡಿ ಬದುಕುಳಿದ ಹುಡುಗ 1943ರಲ್ಲಿ, 12ನೇ ವಯಸ್ಸಿಗೆ, ಊರಿನ ಪಯೊನೀರ್ ಪ್ಯಾಲೇಸ್‌ನ ಚೆಸ್ ಕ್ಲಬ್ ಸೇರಿದ. ಈಗಿನ ದಾಖಲೆಯ ಮಕ್ಕಳು ಗ್ರ್ಯಾಂಡ್‌ಮಾಸ್ಟರ್ ಆಗುವ ವಯಸ್ಸಿಗೆ ಅವರು ಕ್ಲಬ್ಬಿನ ಬಾಗಿಲು ತಟ್ಟಿದ್ದು. ಗ್ರ್ಯಾಂಡ್‌ಮಾಸ್ಟರ್ ಆಗಿದ್ದು 1956ರಲ್ಲಿ, 25ಕ್ಕೆ. ಆಮೇಲೆ ನಾಲ್ಕು ಸಲ ಸೋವಿಯತ್ ಚಾಂಪಿಯನ್. ಆ ಕಾಲಕ್ಕೆ ಸೋವಿಯತ್ ಚಾಂಪಿಯನ್‌ಷಿಪ್ ಅಂದರೆ ಜಗತ್ತಿನ ಅತಿ ಕಠಿಣ ಟೂರ್ನಮೆಂಟುಗಳಲ್ಲಿ ಒಂದು.

1974ರಲ್ಲಿ, ವಿಶ್ವ ಚಾಂಪಿಯನ್‌ಗೆ ಸವಾಲು ಹಾಕುವವರನ್ನು ಆರಿಸುವ ಕ್ಯಾಂಡಿಡೇಟ್ಸ್‌ನ ಫೈನಲ್‌ನಲ್ಲಿ, ಅನಾತೊಲಿ ಕಾರ್ಪೊವ್ ಎದುರು 24 ಆಟ ಆಡಿದರು. 19 ಡ್ರಾ. ಕಾರ್ಪೊವ್ ಮೂರು ಗೆದ್ದರು, ಇವರು ಎರಡು. ಆ ಒಂದು ಪಾಯಿಂಟ್ ಅವರ ಬದುಕನ್ನೇ ತಿರುಗಿಸಿತು. ಮರುವರ್ಷ ಆಗಿನ ವಿಶ್ವ ಚಾಂಪಿಯನ್ ಬಾಬಿ ಫಿಷರ್ ಆಡಲು ಬರಲೇ ಇಲ್ಲ, ಕಾರ್ಪೊವ್ ಆಡದೆಯೇ ವಿಶ್ವ ಚಾಂಪಿಯನ್ ಆದರು. ಕೊರ್ಚ್‌ನೊಯ್ 1976ರಲ್ಲಿ ಆಮ್‌ಸ್ಟರ್‌ಡ್ಯಾಮ್‌ನಲ್ಲಿ ಟೂರ್ನಮೆಂಟ್ ಮುಗಿಸಿ ಸೋವಿಯತ್ ದೇಶಕ್ಕೆ ವಾಪಸ್ ಹೋಗಲಿಲ್ಲ. ಹೆಂಡತಿ, ಮಗ ಅಲ್ಲೇ ಉಳಿದರು. ಕೊರ್ಚ್‌ನೊಯ್ ಬರುವ ಟೂರ್ನಮೆಂಟುಗಳಿಗೆ ಸೋವಿಯತ್ ಆಟಗಾರರು ಬರುವುದನ್ನೇ ನಿಲ್ಲಿಸಿದರು. 45 ವರ್ಷ, ದೇಶ ಇಲ್ಲ, ಮನೆಯವರು ಜೊತೆಗಿಲ್ಲ. ಇಲ್ಲಿಗೆ ಮುಗೀತು ಅಂತ ಯಾರಿಗಾದರೂ ಅನಿಸುತ್ತದೆ ಅಲ್ವಾ? ಅವರ ಅತ್ಯುತ್ತಮ ಆಟ ಶುರುವಾಗಿದ್ದೇ ಆಮೇಲೆ. ಪೆಟ್ರೋಸ್ಯನ್, ಪೊಲುಗಾಯೆವ್ಸ್ಕಿ, ಸ್ಪಾಸ್ಕಿ ಮೂವರನ್ನೂ ಒಬ್ಬರಾದ ಮೇಲೆ ಒಬ್ಬರಂತೆ ಸೋಲಿಸಿ ಕಾರ್ಪೊವ್ ಎದುರು ಬಂದು ಕೂತರು.

ಆ ಪಂದ್ಯ ನಡೆದದ್ದು 1978ರಲ್ಲಿ, ಫಿಲಿಪ್ಪೀನ್ಸ್‌ನ ಬಾಗಿಯೋ ಎಂಬ ಬೆಟ್ಟದ ಊರಿನಲ್ಲಿ. ಮೊದಲು ಆರು ಆಟ ಗೆದ್ದವರು ಚಾಂಪಿಯನ್, ಡ್ರಾ ಲೆಕ್ಕಕ್ಕಿಲ್ಲ. ಅದಕ್ಕೇ ಮೂರು ತಿಂಗಳು ಎಳೆಯಿತು. ಆ ಪಂದ್ಯದ ಬಗ್ಗೆ ಕೇಳಿದರೆ ಎಲ್ಲರೂ ಹೇಳುವುದು ಬೇರೆ ಕಥೆಗಳು. ಕಾರ್ಪೊವ್‌ಗೆ ತಂದುಕೊಟ್ಟ ಮೊಸರಿನಲ್ಲಿ ಗುಪ್ತ ಸಂದೇಶ ಇದೆ ಅಂತ ದೂರು ಹೋದದ್ದು, ಮೊದಲ ಸಾಲಿನಲ್ಲಿ ಕೂತು ದುರುಗುಟ್ಟಿ ನೋಡುತ್ತಿದ್ದ ಮನಃಶಾಸ್ತ್ರಜ್ಞ, ಕೊರ್ಚ್‌ನೊಯ್ ಹಾಕಿಕೊಂಡ ಕನ್ನಡಿಯಂಥ ಕನ್ನಡಕ, ಅವರಿಗೆ ಧ್ಯಾನ ಹೇಳಿಕೊಡಲು ಬಂದ ಆನಂದಮಾರ್ಗದ ಇಬ್ಬರು. ಕೇಳಲು ಮಜವಾಗಿದೆ. ಆದರೆ ಮಗಳಿಗೆ ತೋರಿಸಬೇಕಾದದ್ದು 27ನೇ ಆಟದ ನಂತರ ನಡೆದದ್ದನ್ನು.

27 ಆಟ ಮುಗಿದಾಗ ಕಾರ್ಪೊವ್ 5, ಕೊರ್ಚ್‌ನೊಯ್ 2. ಇನ್ನೊಂದು ಸೋತರೆ ಮುಗಿಯಿತು. ಎದುರಿಗಿರುವ ಚಾಂಪಿಯನ್‌ಗೆ 27 ವರ್ಷ, ಇವರಿಗೆ 47. 28ನೇ ಆಟ ಗೆದ್ದರು. 29ನೆಯದೂ ಗೆದ್ದರು. 30 ಡ್ರಾ. 31ನೆಯದನ್ನು ಉದ್ದದ ಎಂಡ್‌ಗೇಮ್ (ಕಾಯಿಗಳು ಕೆಲವೇ ಉಳಿದ ಕೊನೆಯ ಹಂತ) ಆಡಿ ಗೆದ್ದರು. 5–5! ಎರಡು ತಿಂಗಳು ಮುಂದಿದ್ದ ಚಾಂಪಿಯನ್ ನಾಲ್ಕೇ ಆಟದಲ್ಲಿ ಅಂಚಿಗೆ ಬಂದು ನಿಂತರು. 32ನೇ ಆಟವನ್ನು ಕಾರ್ಪೊವ್ ಗೆದ್ದು ಕಿರೀಟ ಉಳಿಸಿಕೊಂಡರು. ಕೊರ್ಚ್‌ನೊಯ್ ಅದಕ್ಕಿಂತ ಹತ್ತಿರ ಮತ್ತೆಂದೂ ಹೋಗಲಿಲ್ಲ. 1981ರಲ್ಲಿ ಇಟಲಿಯ ಮೆರಾನೊದಲ್ಲಿ ಮತ್ತೆ ಆಡಿದಾಗ ಮಗ ಸೋವಿಯತ್ ಲೇಬರ್ ಕ್ಯಾಂಪಿನಲ್ಲಿದ್ದ. ಆ ಪಂದ್ಯದಲ್ಲಿ ಸುಲಭವಾಗಿ ಸೋತರು. ಅದನ್ನು ಬರೀ ಚೆಸ್ ಸೋಲು ಅಂತ ನಾನು ಎಣಿಸುವುದಿಲ್ಲ.

ಇನ್ನೊಂದು ಘಟನೆ ನನಗೆ ತುಂಬಾ ಇಷ್ಟ. 1983ರ ಕ್ಯಾಂಡಿಡೇಟ್ಸ್ ಸೆಮಿಫೈನಲ್ ಅಮೆರಿಕದ ಪಸಡೀನಾದಲ್ಲಿ ಇತ್ತು. ಎದುರಾಳಿ 20 ವರ್ಷದ ಗ್ಯಾರಿ ಕ್ಯಾಸ್ಪರೋವ್. ಸೋವಿಯತ್ ಫೆಡರೇಷನ್ ಅಲ್ಲಿಗೆ ಕಳಿಸಲಿಲ್ಲ. ನಿಯಮದ ಪ್ರಕಾರ ಕೊರ್ಚ್‌ನೊಯ್ ಆಡದೆಯೇ ಗೆದ್ದರು. ಫೈನಲ್‌ಗೆ ಹೋಗಿ ಕೂರಬಹುದಿತ್ತು. ಆದರೂ ಪಂದ್ಯವನ್ನು ಲಂಡನ್‌ನಲ್ಲಿ ಆಡಲು ಒಪ್ಪಿದರು. ಆಡಿದರು, ಸೋತರು. ಆ ಕ್ಯಾಸ್ಪರೋವ್ ಎರಡು ವರ್ಷದಲ್ಲಿ ವಿಶ್ವ ಚಾಂಪಿಯನ್ ಆದರು. ತನ್ನ ಬದುಕಿಗೆ ಅಷ್ಟು ತೊಂದರೆ ಕೊಟ್ಟ ವ್ಯವಸ್ಥೆಯ ಆಟಗಾರನಿಗೆ ಬೋರ್ಡಿನ ಮೇಲೆ ಅವಕಾಶ ಕೊಟ್ಟ ಮನುಷ್ಯ ಇವರು.

1991ರಲ್ಲಿ, 60ನೇ ವಯಸ್ಸಿನಲ್ಲಿ, ಮತ್ತೆ ಕ್ಯಾಂಡಿಡೇಟ್ಸ್‌ನಲ್ಲಿ ಆಡಿದರು. 2006ರಲ್ಲಿ ಹಿರಿಯರ ವಿಶ್ವ ಚಾಂಪಿಯನ್. 2007ರ ಜನವರಿಯ ಪಟ್ಟಿಯಲ್ಲಿ, 75ರಲ್ಲಿ, ಜಗತ್ತಿನ ಮೊದಲ ನೂರರ ಒಳಗೆ 85ನೇ ಸ್ಥಾನ. 2011ರ ಆರಂಭದಲ್ಲಿ, 80 ತುಂಬಲು ಎರಡು ತಿಂಗಳು ಇರುವಾಗ, ಜಿಬ್ರಾಲ್ಟರ್‌ನಲ್ಲಿ 18 ವರ್ಷದ ಫ್ಯಾಬಿಯಾನೊ ಕರುವಾನಾ ಅವರನ್ನು ಸೋಲಿಸಿದರು. ಕರುವಾನಾ ರೇಟಿಂಗ್ ಆಗಲೇ 2700 ದಾಟಿತ್ತು. ಅದೇ ವರ್ಷ 80ರಲ್ಲಿ ಸ್ವಿಟ್ಜರ್ಲೆಂಡ್‌ನ ರಾಷ್ಟ್ರೀಯ ಚಾಂಪಿಯನ್ ಆದರು. ತೀರಿಕೊಂಡದ್ದು 2016ರಲ್ಲಿ.

ಬಾಗಿಯೋ ಪಂದ್ಯಕ್ಕೂ ನಮಗೂ ಒಂದು ನಂಟು ಇದೆ. ಆ ಕಾಲದಲ್ಲಿ ಫಿಲಿಪ್ಪೀನ್ಸ್‌ನಲ್ಲಿ ಚೆಸ್ ಹುಚ್ಚು ಜೋರಾಗಿತ್ತು. ಅದೇ ಸುಮಾರಿಗೆ ಕೆಲಸದ ಮೇಲೆ ಮನಿಲಾಕ್ಕೆ ಹೋದ ಒಬ್ಬ ಭಾರತೀಯ ಅಧಿಕಾರಿಯ ಜೊತೆ ಅವರ ಚಿಕ್ಕ ಮಗನೂ ಇದ್ದ. ಹೆಸರು ವಿಶ್ವನಾಥನ್ ಆನಂದ್. ಅಲ್ಲಿ ಮಧ್ಯಾಹ್ನ ಟಿವಿಯಲ್ಲಿ ಚೆಸ್ ಕಾರ್ಯಕ್ರಮ ಬರುತ್ತಿತ್ತು. ಮಗ ಸ್ಕೂಲಿನಲ್ಲಿರುವ ಹೊತ್ತು. ಅಮ್ಮ ಸುಶೀಲಾ ಆಟಗಳನ್ನು, ಕೊನೆಗೆ ಕೊಡುವ ಪಜಲ್ ಅನ್ನು ಬರೆದಿಟ್ಟುಕೊಳ್ಳುತ್ತಿದ್ದರು. ಸಂಜೆ ಇಬ್ಬರೂ ಕೂತು ಬಿಡಿಸಿ ಉತ್ತರ ಕಳಿಸುತ್ತಿದ್ದರು. ಬಹುಮಾನವಾಗಿ ಪುಸ್ತಕ ಬರುತ್ತಿತ್ತು. ಗೆದ್ದು ಗೆದ್ದು ಕೊನೆಗೆ ಆ ಕಾರ್ಯಕ್ರಮದವರೇ ‘ಬೇಕಾದಷ್ಟು ಪುಸ್ತಕ ತಗೊಂಡು ಹೋಗು, ಇನ್ನು ಉತ್ತರ ಕಳಿಸಬೇಡ’ ಅಂದರಂತೆ. ಇದನ್ನು ಆನಂದ್ ಅವರೇ ಹೇಳಿಕೊಂಡಿದ್ದಾರೆ. 1987ರಲ್ಲಿ ಅವರು ವಿಶ್ವ ಜೂನಿಯರ್ ಚಾಂಪಿಯನ್ ಆದದ್ದೂ ಬಾಗಿಯೋದಲ್ಲೇ.

ಆನಂದ್ ಭಾರತದ ಮೊದಲ ಗ್ರ್ಯಾಂಡ್‌ಮಾಸ್ಟರ್ ಆಗಿದ್ದು 1988ರಲ್ಲಿ, 18ಕ್ಕೆ. ಈಗಿನ ಲೆಕ್ಕದಲ್ಲಿ ಅದು ಲೇಟು! ಅವರು ಟೂರ್ನಮೆಂಟ್, ನಾಕೌಟ್, ಮ್ಯಾಚ್ ಮೂರೂ ಬಗೆಯಲ್ಲಿ ವಿಶ್ವ ಚಾಂಪಿಯನ್ ಆಗಿ ಒಟ್ಟು ಐದು ಸಲ ಕಿರೀಟ ಗೆದ್ದರು. 2013ರಲ್ಲಿ ಚೆನ್ನೈನಲ್ಲಿ, ತಮ್ಮ ಊರಿನಲ್ಲೇ, ಮ್ಯಾಗ್ನಸ್ ಕಾರ್ಲ್‌ಸನ್‌ಗೆ ಕಿರೀಟ ಬಿಟ್ಟುಕೊಟ್ಟಾಗ ಎಷ್ಟೋ ಜನ ‘ಇನ್ನು ನಿವೃತ್ತಿ’ ಅಂದರು. ಮರುವರ್ಷವೇ ಕ್ಯಾಂಡಿಡೇಟ್ಸ್ ಗೆದ್ದು ಮತ್ತೆ ಚಾಲೆಂಜರ್ ಆದರು. 2017ರ ಕೊನೆಯಲ್ಲಿ, 48 ತುಂಬಿದ ಮೇಲೆ, ರಿಯಾದ್‌ನಲ್ಲಿ ರ್‍ಯಾಪಿಡ್ ವಿಶ್ವ ಚಾಂಪಿಯನ್ ಆದರು. ರ್‍ಯಾಪಿಡ್ ಅಂದರೆ ಕಡಿಮೆ ಸಮಯದಲ್ಲಿ ಮುಗಿಯುವ, ಎಳೆಯರ ಆಟ ಅಂತ ಹೇಳುತ್ತಾರಲ್ಲ, ಅದರಲ್ಲಿ! 2012ರಲ್ಲಿ ಅವರ ಎದುರು ಮಾಸ್ಕೋದಲ್ಲಿ ಟೈಬ್ರೇಕ್‌ವರೆಗೆ ಹೋರಾಡಿದ ಬೊರಿಸ್ ಗೆಲ್‌ಫಾಂಡ್ ಅವರ ಗರಿಷ್ಠ ರೇಟಿಂಗ್, 2777, ಬಂದದ್ದು ಮರುವರ್ಷ, 45ರಲ್ಲಿ.

ಈಗ ಹೆಣ್ಣುಮಕ್ಕಳ ಮಾತು, ಯಾಕಂದರೆ ನಿಮ್ಮದು ಮಗಳ ಪ್ರಶ್ನೆ. ಗ್ರ್ಯಾಂಡ್‌ಮಾಸ್ಟರ್ ಬಿರುದು ಪಡೆದ ಮೊದಲ ಮಹಿಳೆ ಜಾರ್ಜಿಯಾದ ನೋನಾ ಗಪ್ರಿಂದಾಶ್ವಿಲಿ. ವರ್ಷ 1978, ವಯಸ್ಸು 37. 16 ವರ್ಷ ಮಹಿಳಾ ವಿಶ್ವ ಚಾಂಪಿಯನ್ ಆಗಿದ್ದು, ಆ ಕಿರೀಟ ಕಳೆದುಕೊಂಡ ವರ್ಷವೇ ಈ ಬಿರುದು ಬಂತು. ಹಂಗೇರಿಯ ಜುಡಿತ್ ಪೋಲ್ಗಾರ್ 1991ರಲ್ಲಿ 15ಕ್ಕೆ ಅತಿ ಕಿರಿಯ ಗ್ರ್ಯಾಂಡ್‌ಮಾಸ್ಟರ್ ಅನ್ನುವ ಫಿಷರ್ ದಾಖಲೆ ಮುರಿದರು. ಗಂಡಸರ ಜೊತೆಯೇ ಆಡುತ್ತೇನೆ ಅಂತ ಹಟ ಹಿಡಿದು ಜಗತ್ತಿನ ಎಂಟನೇ ಸ್ಥಾನದವರೆಗೆ ಏರಿದರು. ಅವರ ಗರಿಷ್ಠ ರೇಟಿಂಗ್ 2735 ಬಂದದ್ದು 2005ರಲ್ಲಿ, ಮೊದಲ ಮಗು ಆದ ಮೇಲೆ.

ನಮ್ಮ ಕೊನೇರು ಹಂಪಿ 2002ರಲ್ಲಿ 15ಕ್ಕೆ ಗ್ರ್ಯಾಂಡ್‌ಮಾಸ್ಟರ್. ಮಗು ಆದಾಗ ಸುಮಾರು ಎರಡು ವರ್ಷ ಆಟ ಬಿಟ್ಟಿದ್ದರು. ವಾಪಸ್ ಬಂದು 2019ರಲ್ಲಿ ಮಹಿಳಾ ರ್‍ಯಾಪಿಡ್ ವಿಶ್ವ ಚಾಂಪಿಯನ್, 2024ರಲ್ಲಿ 37ನೇ ವಯಸ್ಸಿನಲ್ಲಿ ಮತ್ತೆ ಚಾಂಪಿಯನ್. ದ್ರೋಣವಲ್ಲಿ ಹರಿಕಾ 2022ರ ಚೆನ್ನೈ ಒಲಿಂಪಿಯಾಡ್ ಅನ್ನು ತುಂಬು ಬಸುರಿಯಾಗಿ ಆಡಿ ತಂಡದ ಜೊತೆ ಕಂಚು ಗೆದ್ದರು. ಎರಡು ವರ್ಷದ ನಂತರ ಬುಡಾಪೆಸ್ಟ್‌ನಲ್ಲಿ ಚಿನ್ನ. ಇನ್ನು ದಿವ್ಯಾ ದೇಶಮುಖ್. 2025ರ ಜುಲೈನಲ್ಲಿ ಜಾರ್ಜಿಯಾದ ಬಟೂಮಿಗೆ ಹೋದಾಗ ಅವರ ಹತ್ತಿರ ಒಂದೂ ಗ್ರ್ಯಾಂಡ್‌ಮಾಸ್ಟರ್ ನಾರ್ಮ್ ಇರಲಿಲ್ಲ. ಮಹಿಳಾ ವಿಶ್ವಕಪ್ ಫೈನಲ್‌ನಲ್ಲಿ ಹಂಪಿಯವರನ್ನೇ ಸೋಲಿಸಿದರು. ವಿಶ್ವಕಪ್ ಗೆದ್ದವರಿಗೆ ಬಿರುದು ನೇರವಾಗಿ ಸಿಗುತ್ತದೆ. 19ಕ್ಕೆ ಗ್ರ್ಯಾಂಡ್‌ಮಾಸ್ಟರ್! ಒಂದು ಕಿವಿಮಾತು: ಮಹಿಳಾ ಗ್ರ್ಯಾಂಡ್‌ಮಾಸ್ಟರ್ ಅಂತ ಬೇರೆ ಬಿರುದು ಇದೆ, ಅದಕ್ಕೆ 2300 ರೇಟಿಂಗ್ ಸಾಕು. ಬಂದರೆ ಸಂತೋಷ. ಆದರೆ ಮಗಳ ಕಣ್ಣು ಅದರ ಮೇಲೆ ನಿಲ್ಲದಿರಲಿ.

ಇಷ್ಟೆಲ್ಲ ಹೇಳಿ ಕಹಿ ಮಾತು ಮುಚ್ಚಿಡುವುದು ಸರಿಯಲ್ಲ. ಇವತ್ತು ಜಗತ್ತಿನ ಮೊದಲ ಹತ್ತರಲ್ಲಿ ಇರುವ ಹುಡುಗರಲ್ಲಿ ಹೆಚ್ಚಿನವರು 13ರ ಹೊತ್ತಿಗೆ ನಿಮ್ಮ ಮಗಳಿಗಿಂತ ಬಹಳ ಮುಂದಿದ್ದರು. 1650ರಿಂದ 2500 ಅಂದರೆ 850 ಪಾಯಿಂಟು. ತುಂಬಾ ಪ್ರತಿಭೆ ಇರುವ ಮಕ್ಕಳೂ 2200, 2300ರಲ್ಲಿ ನಿಂತುಬಿಡುತ್ತಾರೆ. ನಾರ್ಮ್‌ಗಾಗಿ ವಿದೇಶಕ್ಕೆ ಓಡಾಡುವ ಖರ್ಚಂತೂ ಮಧ್ಯಮ ವರ್ಗದ ಮನೆಗೆ ಸಣ್ಣದಲ್ಲ. ಗ್ರ್ಯಾಂಡ್‌ಮಾಸ್ಟರ್ ಆಗಿಯೇ ತೀರುತ್ತಾಳೆ ಅಂತ ಯಾರಾದರೂ ಭರವಸೆ ಕೊಟ್ಟು ಫೀಸು ಕೇಳಿದರೆ ನಂಬಬೇಡಿ. ಬಾಗಿಲು ಮುಚ್ಚಿಲ್ಲ, ಅಷ್ಟು ಮಾತ್ರ ಖಂಡಿತ.

ಜೀವನದ ಪ್ರಶ್ನೆಗೆ ಬರುತ್ತೇನೆ. ಭಾರತದಲ್ಲಿ ಗ್ರ್ಯಾಂಡ್‌ಮಾಸ್ಟರ್‌ಗಳ ಸಂಖ್ಯೆ 85 ದಾಟಿದೆ, ಜಗತ್ತಿನಲ್ಲಿ ಎರಡು ಸಾವಿರದ ಸುಮಾರು. ಬರೀ ಬಹುಮಾನದ ದುಡ್ಡಿನಲ್ಲಿ ಚೆನ್ನಾಗಿ ಬದುಕುವವರು ಅದರಲ್ಲಿ ತುದಿಯ ಕೆಲವರು ಮಾತ್ರ. ಉಳಿದವರು ಹತ್ತಾರು ದಾರಿ ಹಿಡಿದಿದ್ದಾರೆ. ಸಾರ್ವಜನಿಕ ವಲಯದ ತೈಲ ಕಂಪನಿಗಳು, ರೈಲ್ವೆ ಮುಂತಾದ ಕಡೆ ಕ್ರೀಡಾ ಕೋಟಾದ ನೌಕರಿ ನಮ್ಮಲ್ಲಿ ದೊಡ್ಡ ಆಸರೆ. ಹಂಪಿ ಓಎನ್‌ಜಿಸಿಯಲ್ಲಿದ್ದಾರೆ. ಯುರೋಪಿನ ಕ್ಲಬ್ ಲೀಗುಗಳಲ್ಲಿ ಆಟಕ್ಕಿಷ್ಟು ಅಂತ ಸಂಭಾವನೆ ಇದೆ.

ದೊಡ್ಡ ಆಟಗಾರರ ಹಿಂದೆ ನಿಂತು ತಯಾರಿ ಮಾಡಿಕೊಡುವವರನ್ನು ಸೆಕೆಂಡ್ ಅನ್ನುತ್ತಾರೆ. ಕೋಲ್ಕತ್ತದ ಸೂರ್ಯಶೇಖರ್ ಗಂಗೂಲಿ ಆನಂದ್ ಅವರ ಮೂರು ವಿಶ್ವ ಚಾಂಪಿಯನ್‌ಷಿಪ್ ಪಂದ್ಯಗಳಲ್ಲಿ ಆ ಕೆಲಸ ಮಾಡಿದರು. ಪೋಲೆಂಡಿನ ಗ್ಜೆಗೊಜ್ ಗಯೆವ್ಸ್ಕಿ ಮೊದಲು ಆನಂದ್ ಜೊತೆ, ಆಮೇಲೆ ಗುಕೇಶ್ ಜೊತೆ. ಕೋಚಿಂಗ್‌ನಲ್ಲಿ ಚೆನ್ನೈನ ಆರ್.ಬಿ. ರಮೇಶ್ ಅವರಷ್ಟು ಒಳ್ಳೆಯ ಉದಾಹರಣೆ ನನಗೆ ಇನ್ನೊಂದು ಕಾಣುವುದಿಲ್ಲ. 2003ರಲ್ಲಿ ಗ್ರ್ಯಾಂಡ್‌ಮಾಸ್ಟರ್, 2007ರಲ್ಲಿ ಕಾಮನ್‌ವೆಲ್ತ್ ಚಾಂಪಿಯನ್. ಮರುವರ್ಷ ಚೆನ್ನಾಗಿ ಆಡುತ್ತಿರುವಾಗಲೇ ಪೂರ್ತಿಯಾಗಿ ಕೋಚಿಂಗ್‌ಗೆ ಇಳಿದರು. ಪ್ರಗ್ನಾನಂದ, ವೈಶಾಲಿ ಅಕ್ಕ–ತಮ್ಮ ಇಬ್ಬರೂ ಅವರ ಕೈಯಲ್ಲಿ ಬೆಳೆದವರು. ನನ್ನ ಲೆಕ್ಕದಲ್ಲಿ ಅದು ಯಾವ ಟ್ರೋಫಿಗೂ ಕಡಿಮೆ ಸಾಧನೆಯಲ್ಲ.

ಬೇರೆ ಕೆಲಸದಲ್ಲಿ ಹೆಸರು ಮಾಡಿದವರೂ ಇದ್ದಾರೆ. ಮಿಖಾಯಿಲ್ ಬೋತ್ವಿನ್ನಿಕ್ ವಿಶ್ವ ಚಾಂಪಿಯನ್ ಆಗಿದ್ದಾಗಲೂ ಎಲೆಕ್ಟ್ರಿಕಲ್ ಎಂಜಿನಿಯರ್. ಮಾರ್ಕ್ ತೈಮನೊವ್ ಪಿಯಾನೊ ಕಛೇರಿ ಕೊಡುತ್ತಿದ್ದರು. ಅಮೆರಿಕದ ಕೆನೆತ್ ರೋಗಾಫ್ 1978ರಲ್ಲಿ ಗ್ರ್ಯಾಂಡ್‌ಮಾಸ್ಟರ್ ಆಗಿ, ಮುಂದೆ ಅರ್ಥಶಾಸ್ತ್ರಜ್ಞರಾಗಿ ಐಎಂಎಫ್‌ನ ಮುಖ್ಯ ಅರ್ಥಶಾಸ್ತ್ರಜ್ಞ ಹುದ್ದೆಗೆ ಹೋದರು. ಅದಕ್ಕೇ ಸ್ಕೂಲು ಬಿಡಿಸಿ ಅನ್ನುವವರ ಮಾತಿಗೆ ಕಿವಿ ಕೊಡಬೇಡಿ. 1650ರಲ್ಲಿ ಆ ಯೋಚನೆಯೇ ಬೇಡ. ರೇಟಿಂಗ್ 2300 ದಾಟಲಿ, ನಾರ್ಮ್‌ಗಳ ವಾಸನೆ ಬರಲಿ. ಆಗ ಸ್ಕೂಲಿನವರ ಹತ್ತಿರ ಹಾಜರಾತಿ ರಿಯಾಯಿತಿ ಕೇಳಿ.

ಈಗ ಮನೆಯಲ್ಲಿ ಏನು ಮಾಡಬೇಕು? ಕೆಲವೇ ನಿಮಿಷದ ಬ್ಲಿಟ್ಜ್ ಕಡಿಮೆ ಮಾಡಿಸಿ, ಗಂಟೆಗಟ್ಟಲೆ ಆಡುವ ಕ್ಲಾಸಿಕಲ್ ರೇಟಿಂಗ್ ಟೂರ್ನಮೆಂಟ್ ಜಾಸ್ತಿ ಆಡಿಸಿ. 18ರ ಒಳಗೆ, 2300ಕ್ಕಿಂತ ಕೆಳಗೆ ಇರುವವರಿಗೆ ಫಿಡೆ ರೇಟಿಂಗ್ ಲೆಕ್ಕದಲ್ಲಿ ಪಾಯಿಂಟುಗಳು ದೊಡ್ಡವರಿಗಿಂತ ವೇಗವಾಗಿ ಏರುತ್ತವೆ, ಇಳಿಯುತ್ತವೆ. ಹಾಗಾಗಿ ಒಂದು ಟೂರ್ನಮೆಂಟಿನಲ್ಲಿ 80 ಪಾಯಿಂಟ್ ಹೋಯಿತು ಅಂತ ಮನೆಯಲ್ಲಿ ಸೂತಕದ ಮುಖ ಮಾಡಬೇಡಿ. ಸೋತ ಆಟವನ್ನು ಮೊದಲು ಕಂಪ್ಯೂಟರ್ ಎಂಜಿನ್ ಇಲ್ಲದೆ, ಅವಳ ಕೈಯಲ್ಲೇ ಬರೆಸಿ. ಎಲ್ಲಿ ಏನು ಯೋಚಿಸಿದೆ, ಎಷ್ಟು ನಿಮಿಷ ತಗೊಂಡೆ ಅಂತ. ಆಮೇಲೆ ಎಂಜಿನ್ ಹಾಕಲಿ.

ಓಪನಿಂಗ್ ಕೋರ್ಸಿಗೆ ದುಡ್ಡು ಸುರಿಯುವ ಬದಲು ಎಂಡ್‌ಗೇಮ್ ಕಲಿಸಿ. ಸಿಂಗಪುರದ ಗುಕೇಶ್–ಡಿಂಗ್ ಪಂದ್ಯದ 14ನೇ ಆಟವನ್ನು ಬೋರ್ಡಿನ ಮೇಲೆ ಜೋಡಿಸಿ ತೋರಿಸಿ. ಇಬ್ಬರ ಹತ್ತಿರವೂ ಒಂದು ರೂಕ್, ಒಂದು ಬಿಷಪ್. ಗುಕೇಶ್‌ಗೆ ಒಂದು ಪಾನ್ ಹೆಚ್ಚು. ಡ್ರಾ ಆಗುವ ಹಾಗೇ ಇತ್ತು. ಡಿಂಗ್ ಅವರ ಬಿಷಪ್ ಮೂಲೆಯ ಎ8 ಚೌಕದಲ್ಲಿ ಕೂತಿತ್ತು. 55ನೇ ನಡೆಯಲ್ಲಿ ಅವರು ರೂಕ್ ಅನ್ನು ಎಫ್2ಗೆ ಇಟ್ಟರು. ಗುಕೇಶ್ ರೂಕ್ ಬದಲಾಯಿಸಿಕೊಂಡು, ಬಿಷಪ್ ಅನ್ನು ಡಿ5ಗೆ ತಂದು ಅದನ್ನೂ ಬದಲಾಯಿಸುವಂತೆ ಮಾಡಿದರು. ಮೂಲೆಯ ಬಿಷಪ್‌ಗೆ ಓಡಲು ಜಾಗವೇ ಇರಲಿಲ್ಲ. ಉಳಿದದ್ದು ಬರೀ ರಾಜ ಮತ್ತು ಪಾನ್‌ಗಳು. ಒಂದು ಪಾನ್ ಹೆಚ್ಚಿದ್ದವರಿಗೆ ಗೆಲುವು, 58ನೇ ನಡೆಗೆ ಡಿಂಗ್ ಕೈ ಚೆಲ್ಲಿದರು. ಆ ರಾಜ–ಪಾನ್ ಎಂಡ್‌ಗೇಮ್ ಯಾಕೆ ಗೆಲುವು ಅಂತ ಮಗಳು ನಿಮಗೆ ಬೋರ್ಡಿನ ಮೇಲೆ ಆಡಿ ತೋರಿಸಲಿ. ತೋರಿಸಲು ಬಂದರೆ, ಬಾಗಿಯೋದ 31ನೇ ಆಟದ ರೂಕ್ ಎಂಡ್‌ಗೇಮಿಗೆ ಹೋಗಿ.